ಮೇಷ್ಟ್ರ ಇಂಗ್ಲಿಷು, ಮೆಷಿನ್ನಿನ ಕನ್ನಡ

ನಮ್ಮ ಟ್ರಸ್ಟಿನಲ್ಲಿ ಮೆಷಿನ್ ಎಂದರೆ ಇಷ್ಟು ವರ್ಷ ಒಂದೇ ಅರ್ಥವಿತ್ತು: ಹೊಲಿಗೆ ಮೆಷಿನ್. ಇರುವುದು ಹನ್ನೊಂದು, ನಡೆಯುವುದು ಏಳು. "ಮೆಷಿನ್ ಕೆಟ್ಟಿದೆ" ಎಂದು ಯಾರಾದರೂ ಫೋನ್ ಮಾಡಿದರೆ ಬೆಲ್ಟ್ ಹರಿದಿದೆ, ಇಲ್ಲವೇ ಬಾಬಿನ್ ಕೇಸ್ ಯಾವುದೋ ಮಗುವಿನ ಆಟಕ್ಕೆ ಹೋಗಿದೆ ಎಂದು ತಿಳಿದುಕೊಂಡರೆ ಸಾಕಿತ್ತು. ಹೋದ ತಿಂಗಳ ಕಮಿಟಿ ಮೀಟಿಂಗಿನಲ್ಲಿ ನಮ್ಮ ಕಾರ್ಯದರ್ಶಿ ಮೇಷ್ಟ್ರು ಎದ್ದು ನಿಂತು, "ಮೆಷಿನ್ ಸುಳ್ಳು ಹೇಳಿಬಿಡ್ತು ಸ್ವಾಮಿ" ಎಂದರು. ಅಧ್ಯಕ್ಷರಿಗೆ ಕಿವಿ ಸ್ವಲ್ಪ ಮಂದ. "ಯಾವುದು, ಆ ಕಿಟಕಿ ಪಕ್ಕದ್ದಾ? ಅದು ಮೊದಲಿಂದಲೂ ಹಾಗೇ" ಎಂದರು.

ಸುಳ್ಳಿನ ವಿಚಾರಕ್ಕೆ ಆಮೇಲೆ ಬರುತ್ತೇನೆ. ಮೊದಲು ನಮ್ಮ ಸ್ಥಿತಿಗತಿ ಹೇಳಿಬಿಡಬೇಕು. ನಾನು ಈ ಟ್ರಸ್ಟಿನ ಖಜಾಂಚಿ. ಖಜಾಂಚಿ ಎಂದ ಮೇಲೆ ಖಜಾನೆ ಇರಬೇಕು ಎಂದುಕೊಳ್ಳಬೇಡಿ; ಒಂದು ಪಾಸ್‌ಬುಕ್ಕು, ಎರಡು ರಶೀದಿ ಪುಸ್ತಕ, ಬೀಗದ ಕೈ ಕಳೆದುಹೋದ ಒಂದು ಕಬ್ಬಿಣದ ಬೀರು, ಇಷ್ಟೇ. ಹೆಣ್ಣುಮಕ್ಕಳಿಗೆ ಹೊಲಿಗೆ ಕಲಿಸುತ್ತೇವೆ, ಸಂಜೆ ಹೊತ್ತು ಮಕ್ಕಳಿಗೆ ಪಾಠ ಹೇಳಿಸುತ್ತೇವೆ. ಮೊದಲೆಲ್ಲ ದುಡ್ಡು ಎತ್ತುವುದು ಕಾಲಿನ ಕೆಲಸವಾಗಿತ್ತು. ರಶೀದಿ ಪುಸ್ತಕ ಕಂಕುಳಲ್ಲಿ ಸಿಕ್ಕಿಸಿಕೊಂಡು ಅಂಗಡಿ ಬೀದಿಯಲ್ಲಿ ಒಂದು ಸುತ್ತು ಹಾಕಿದರೆ ಜವಳಿ ಅಂಗಡಿಯವರು, ಮಂಡಿಯವರು ಐನೂರೋ ಸಾವಿರವೋ ಬರೆಸಿ, ಕಾಫಿ ಕುಡಿಸಿ, "ನಿಮ್ಮ ತಂದೆ ಮಂಡಿನೋವು ಹೇಗಿದೆ?" ಎಂದು ವಿಚಾರಿಸಿ ಕಳಿಸುತ್ತಿದ್ದರು. ಆಮೇಲೆ 2014ರ ಏಪ್ರಿಲ್ 1ರಿಂದ ಕಾನೂನು ಬಂತು. ದೊಡ್ಡ ಕಂಪನಿಗಳು ಹಿಂದಿನ ಮೂರು ವರ್ಷದ ಸರಾಸರಿ ಲಾಭದಲ್ಲಿ ಶೇಕಡಾ 2ರಷ್ಟನ್ನು ಸಮಾಜದ ಕೆಲಸಕ್ಕೆ ಖರ್ಚು ಮಾಡಬೇಕು ಎಂಬ ಸಿಎಸ್‌ಆರ್ ಕಾನೂನು. ಒಳ್ಳೆಯದೇ. ಆದರೆ ಕಂಪನಿಯವರು ತಂದೆಯ ಮಂಡಿನೋವು ಕೇಳುವುದಿಲ್ಲ. ಬೇಸ್‌ಲೈನ್ ಕೇಳುತ್ತಾರೆ, ಎಂಡ್‌ಲೈನ್ ಕೇಳುತ್ತಾರೆ, ಲಾಗ್‌ಫ್ರೇಮ್ ಎಂಬ ಒಂದು ಚೌಕುಳಿ ಚೌಕುಳಿಯ ಕಾಗದ ಕೇಳುತ್ತಾರೆ. ಎಲ್ಲವನ್ನೂ ಇಂಗ್ಲಿಷಿನಲ್ಲಿ ಕೇಳುತ್ತಾರೆ.

ನಮ್ಮ ಮೇಷ್ಟ್ರು ಮೂವತ್ತನಾಲ್ಕು ವರ್ಷ ಕನ್ನಡ ಮತ್ತು ಸಮಾಜ ಪಾಠ ಮಾಡಿದವರು. ಅವರ ಇಂಗ್ಲಿಷು ತಾಲ್ಲೂಕು ಕಚೇರಿಯ ಇಂಗ್ಲಿಷು. "ವಿತ್ ರೆಫರೆನ್ಸ್ ಟು ದಿ ಅಬೌವ್, ಐ ಬೆಗ್ ಟು ಸಬ್ಮಿಟ್" ಎಂದು ಶುರುವಾದರೆ ಎರಡು ಪುಟ ಬೇಡುತ್ತಲೇ ಹೋಗುತ್ತಿತ್ತು. ನಮ್ಮಷ್ಟೇ ಕೆಲಸ ಮಾಡುವ ಪೇಟೆಯ ಸಂಸ್ಥೆಗಳಿಗೆ ಪ್ರಪೋಸಲ್ ಬರೆಯುವುದಕ್ಕೇ ಸಂಬಳದ ಮೇಲೆ ಒಬ್ಬರಿರುತ್ತಾರೆ. ನಮಗಿದ್ದದ್ದು ಮೇಷ್ಟ್ರು ಮತ್ತು ಅವರ ಹಳೇ ನಿಘಂಟು.

ಹೀಗಿರುವಾಗ ಲೆಕ್ಕ ಬರೆಯಲು ಬರುವ ಬಿಕಾಂ ಹುಡುಗಿ ಒಂದು ದಿನ, "ಸಾರ್, ನೀವು ಕನ್ನಡದಲ್ಲೇ ಹೇಳಿ, ನಾನು ಎಐಗೆ ಹಾಕ್ತೀನಿ" ಎಂದಳು. ಮೇಷ್ಟ್ರು ಅನುಮಾನದಿಂದಲೇ ಹೇಳಿದರು: "ನಮ್ಮೂರ ಹೆಣ್ಣುಮಕ್ಕಳಿಗೆ ಬ್ಲೌಸ್ ಹೊಲಿಯೋದು ಕಲಿಸ್ತೀವಿ. ಐದಾರು ಜನಕ್ಕೆ ಅದರಿಂದ ಬದುಕು ಆಗಿದೆ. ಇನ್ನಷ್ಟು ಮೆಷಿನ್ ಬೇಕು." ಅರ್ಧ ನಿಮಿಷದಲ್ಲಿ ನಾಲ್ಕು ಪುಟ ಬಂತು. ಸುಸ್ಥಿರತೆ, ಸಬಲೀಕರಣ, ಸಮಗ್ರತೆ ಎಲ್ಲ ಇದ್ದವು. ಬ್ಲೌಸ್ ಮಾತ್ರ ಎಲ್ಲೂ ಇರಲಿಲ್ಲ. ಮೇಷ್ಟ್ರು ಓದಿ, "ಇದು ಯಾವ ಸಂಸ್ಥೆದಮ್ಮಾ? ಚೆನ್ನಾಗಿ ಕೆಲಸ ಮಾಡ್ತಾರೆ" ಎಂದರು.

ನಗುವುದಕ್ಕೆ ಹೇಳಿದೆನಾದರೂ ನನಗೆ ಇದರಲ್ಲಿ ತಕರಾರಿಲ್ಲ. ಇಂಗ್ಲಿಷು ಎನ್ನುವುದು ಸಣ್ಣ ಸಂಘಗಳ ಪಾಲಿಗೆ ಸುಂಕದ ಕಟ್ಟೆಯಾಗಿತ್ತು. ಎಷ್ಟೋ ಒಳ್ಳೆಯ ಕೆಲಸ ಅಲ್ಲೇ ಗಾಡಿ ನಿಲ್ಲಿಸಿಕೊಂಡು ವಾಪಸಾಗಿದೆ. ಆ ಕಟ್ಟೆ ಈಗ ಕಿತ್ತುಹೋಗಿದೆ. ಎಐ ಅಳವಡಿಕೆ ಅಂದರೆ ದೊಡ್ಡ ಸಭಾಂಗಣ, ಪರದೆ, ಭಾಷಣ ಎಂದು ಪೇಟೆಯವರು ತಿಳಿದಿರಬಹುದು. ನಮ್ಮಂಥ ಕಡೆ ಅದು ಹಿಂಬಾಗಿಲಿನಿಂದ ಅರ್ಜಿಯ ರೂಪದಲ್ಲಿ ಬಂದಿದೆ. ಒಂದೇ ಸಂಕಟ: ಎಲ್ಲರ ಅರ್ಜಿಯೂ ಈಗ ಒಂದೇ ಅಳತೆಯ ರೆಡಿಮೇಡ್ ಅಂಗಿ. ನಾವು ಮೂರು ಮಾತನ್ನು ನಾಲ್ಕು ಪುಟಕ್ಕೆ ಹೊಲಿಸಿ ಕಳಿಸಿದರೆ, ಆ ಕಡೆಯವರು ಹೊಲಿಗೆ ಬಿಚ್ಚಿಸಿ ಮತ್ತೆ ಮೂರು ಮಾತು ಮಾಡಿಕೊಂಡು ಓದುವ ಕಾಲ ದೂರವೇನಿಲ್ಲ.

ಈಗ ಸುಳ್ಳಿನ ವಿಚಾರ. ಅರ್ಜಿಯ ಜೊತೆ ಒಂದು ಕೇಸ್ ಸ್ಟಡಿ ಬೇಕು ಎಂದಿದ್ದರು. ಕೇಸ್ ಸ್ಟಡಿ ಎಂದರೆ ಕೋರ್ಟಿನದಲ್ಲ. ಒಬ್ಬ ಫಲಾನುಭವಿಯ ಕಷ್ಟ-ಸುಖದ ಒಂದು ಪುಟ. ಮೆಷಿನ್ ಅದನ್ನೂ ಬರೆಯಿತು. ವಯಸ್ಸು 34, ಗಂಡ ಕುಡುಕ, ಇಬ್ಬರು ಮಕ್ಕಳು, ನಮ್ಮಲ್ಲಿ ಕಲಿತು ಈಗ ಸ್ವಂತ ಅಂಗಡಿ. ಹೆಸರೂ ಇತ್ತು. ಮೇಷ್ಟ್ರು ಕಣ್ಣೀರು ಒರೆಸಿಕೊಂಡು, ಆಕೆಗೊಂದು ಶಾಲು ಹೊದಿಸಬೇಕೆಂದು ಎರಡು ದಿನ ಹಾಜರಿ ಪುಸ್ತಕ ತಿರುವಿದರು, ಹಿಂದಿನ ಬೀದಿಗೆ ಹೋಗಿ ವಿಚಾರಿಸಿದರು. ಇಲ್ಲ. ಹುಡುಗಿಯನ್ನು ಕರೆದು ಕೇಳಿದರೆ, "ನಾನು ಹೆಸರು ಕೊಟ್ಟಿರಲಿಲ್ಲ ಸಾರ್, ಅದೇ ಹಾಕ್ಕೊಂಡಿದೆ" ಎಂದಳು. ಅದನ್ನೇ ಮೇಷ್ಟ್ರು ಮೀಟಿಂಗಿನಲ್ಲಿ ಹೇಳಿದ್ದು.

ನನಗೆ ಶಾಸನಗಳ ಹುಚ್ಚು ಸ್ವಲ್ಪ ಇದೆ. ಕ್ಷಮಿಸಬೇಕು, ಒಂದು ಸುತ್ತು ಆ ಕಡೆ ಹೋಗಿಬರುತ್ತೇನೆ. ನಮ್ಮ ನಾಡಿನ ದಾನಶಾಸನಗಳನ್ನು ನೋಡಿದರೆ ಅವು ಹಳೆಯ ಕಾಲದ ವಾರ್ಷಿಕ ವರದಿಗಳೇ. ಯಾರು ಕೊಟ್ಟರು, ಯಾರಿಗೆ ಕೊಟ್ಟರು, ಎಷ್ಟು ಗದ್ದೆ, ಚತುಸ್ಸೀಮೆ ಯಾವುದು, ಎಲ್ಲವೂ ಉಂಟು. ಕೊನೆಯಲ್ಲಿ ಶಾಪಾಶಯ: ಈ ದಾನವನ್ನು ಕೆಡಿಸಿದವನಿಗೆ ವಾರಣಾಸಿಯಲ್ಲಿ ಕವಿಲೆಗಳನ್ನು ಕೊಂದ ಪಾಪ. ಇಂದಿನ ಯಾವ ಆಡಿಟರನ ಷರಾಕ್ಕೂ ಆ ಖಾರವಿಲ್ಲ. ಹಾಗೆಂದು ಆಗ ಸುಳ್ಳಿರಲಿಲ್ಲವೇ? ಇತ್ತು. ಅದಕ್ಕೆ ಕೂಟಶಾಸನ ಎಂದೇ ಹೆಸರು. ಗಂಗರ ಎಷ್ಟೋ ತಾಮ್ರಪಟಗಳನ್ನು ಶಾಸನತಜ್ಞ ಫ್ಲೀಟ್ ಸಾಹೇಬರು ಖೋಟಾ ಎಂದು ತಳ್ಳಿಹಾಕಿದ್ದು, ಅದರ ಮೇಲೆ ವಿದ್ವಾಂಸರಲ್ಲಿ ಜಟಾಪಟಿ ನಡೆದದ್ದು ಚರಿತ್ರೆ ಓದಿದವರಿಗೆ ಗೊತ್ತು. ಆದರೂ ಒಂದು ವ್ಯತ್ಯಾಸವಿದೆ. ಕೂಟಶಾಸನ ಕೆತ್ತಿದವನಿಗೆ ಗದ್ದೆಯ ಆಸೆ ಇತ್ತು. ಈ ಮೆಷಿನ್ನಿಗೆ ಒಂದು ಗುಂಟೆಯೂ ಬೇಡ. ಕೇಳಿದವರನ್ನು ಬರಿಗೈಲಿ ಕಳಿಸಬಾರದು ಎಂಬ ಉಪಚಾರವೇ ಅದರ ಸುಳ್ಳಿಗೆ ಮೂಲ.

ದೊಡ್ಡವರೂ ಇಲ್ಲಿ ಎಡವಿದ್ದಾರೆ ಎಂಬುದು ನಮಗೆ ಸಮಾಧಾನ. ಮಾನವ ಹಕ್ಕುಗಳ ಪರ ದನಿ ಎತ್ತುವ ಆಮ್ನೆಸ್ಟಿ ಇಂಟರ್‌ನ್ಯಾಷನಲ್‌ನಂಥ ಸಂಸ್ಥೆಯೇ 2023ರಲ್ಲಿ ಕೊಲಂಬಿಯಾದ ಪ್ರತಿಭಟನೆಗಳ ಬಗ್ಗೆ ಎಐ ಬರೆದ ಚಿತ್ರಗಳನ್ನು ಹಾಕಿ, ಟೀಕೆ ಬಂದ ಮೇಲೆ ತೆಗೆಯಬೇಕಾಯಿತು. ನಿಜವಾದ ಪ್ರತಿಭಟನಾಕಾರರ ಮುಖ ಗುರುತಾಗಿ ತೊಂದರೆಯಾಗದಿರಲಿ ಎಂಬುದು ಅವರ ಉದ್ದೇಶವಾಗಿತ್ತಂತೆ. ಉದ್ದೇಶ ಒಳ್ಳೆಯದೇ. ಆದರೆ ಕಣ್ಣಾರೆ ಕಂಡ ಸಾಕ್ಷಿ ಹೇಳುವುದೇ ಕಸುಬಾದವರು ಕಾಣದ ಮುಖ ಬರೆಸಿದರೆ ನಾಳೆ ಅವರ ನಿಜವಾದ ಫೋಟೊವನ್ನೂ ಜನ ಮಗ್ಗುಲು ತಿರುಗಿಸಿ ನೋಡುತ್ತಾರೆ.

ಇನ್ನು ಕೆಲಸಕ್ಕೆ ಬಂದ ಕಥೆ. ಮುಂಬಯಿಯ ಅರ್ಮಾನ್ ಎಂಬ ಸಂಸ್ಥೆ ಗರ್ಭಿಣಿಯರಿಗೆ, ಬಾಣಂತಿಯರಿಗೆ ಮೊಬೈಲಿನಲ್ಲಿ ಉಚಿತವಾಗಿ ಆರೋಗ್ಯದ ಮಾತು ಕೇಳಿಸುತ್ತದೆ. ಎಂಮಿತ್ರ ಎಂದು ಅದರ ಹೆಸರು. ಮೊದಮೊದಲು ಕೇಳುವವರು ಬರಬರುತ್ತ ಫೋನ್ ಎತ್ತುವುದಿಲ್ಲ. ತವರಿಗೆ ಹೋಗಿರುತ್ತಾರೆ, ಫೋನು ಗಂಡನ ಜೇಬಿನಲ್ಲಿರುತ್ತದೆ, ಮಗು ಅಳುತ್ತಿರುತ್ತದೆ. ಅಂಥವರಿಗೆ ಮನುಷ್ಯರೇ ಒಮ್ಮೆ ಕರೆ ಮಾಡಿ ಮಾತಾಡಿಸಿದರೆ ಮತ್ತೆ ಕೇಳಲು ಶುರು ಮಾಡುತ್ತಾರೆ. ಆದರೆ ಕರೆ ಮಾಡುವ ಕೈಗಳು ನಾಲ್ಕು, ತಾಯಂದಿರು ಲಕ್ಷ. ಈ ವಾರ ಯಾರಿಗೆ ಮಾಡಬೇಕು? ಇಲ್ಲಿ ಗೂಗಲ್ ರಿಸರ್ಚಿನವರ ಜೊತೆ ಸೇರಿ ಮೆಷಿನ್ನಿಗೆ ಪಟ್ಟಿ ಮಾಡುವ ಕೆಲಸ ಕೊಟ್ಟರು. ಯಾರು ಕೈಬಿಟ್ಟು ಹೋಗುವಂತಿದ್ದಾರೆ, ಯಾರಿಗೆ ಒಂದು ಕರೆಯಿಂದ ನಿಜವಾಗಿ ಉಪಯೋಗವಾದೀತು ಎಂದು ಅದು ಲೆಕ್ಕ ಹಾಕುತ್ತದೆ. ಸುಮಾರು 23,000 ತಾಯಂದಿರಲ್ಲಿ ಪರೀಕ್ಷೆ ಮಾಡಿ ನೋಡಿದಾಗ, ಕೈಬಿಟ್ಟುಹೋಗುವುದು ಶೇಕಡಾ 30ರಷ್ಟು ಕಡಿಮೆಯಾಯಿತು.

ಇದನ್ನು ಮೇಷ್ಟ್ರಿಗೆ ಹೇಳಿದೆ. ಅವರು ಸರ್ವಿಸಿನಲ್ಲಿದ್ದಾಗ ಜೂನ್ ತಿಂಗಳಲ್ಲಿ ಸೈಕಲ್ ಹತ್ತಿ ಸ್ಕೂಲು ಬಿಟ್ಟ ಮಕ್ಕಳ ಮನೆಗೆ ಹೋಗುತ್ತಿದ್ದವರು. ಯಾವ ಮನೆಗೆ ಹೋದರೆ ಹುಡುಗ ಬರುತ್ತಾನೆ, ಯಾವ ಮನೆಗೆ ಹೋದರೆ ಮಜ್ಜಿಗೆ ಮಾತ್ರ ಸಿಗುತ್ತದೆ ಎಂದು ಅವರಿಗೆ ಗೊತ್ತಿತ್ತು. ಸ್ವಲ್ಪ ಹೊತ್ತು ಯೋಚಿಸಿ, "ಸರಿಯಾಗಿದೆ ಸ್ವಾಮಿ. ನನಗೆ ಗೊತ್ತಿದ್ದದ್ದು ಅರವತ್ತು ಮನೆ. ಲಕ್ಷ ಮನೆಗೆ ಪಟ್ಟಿ ಬೇಕಾಗುತ್ತೆ. ಆದರೆ ಸೈಕಲ್ ತುಳಿಯೋನು ಇರಬೇಕು" ಎಂದರು. ನಾನು ಈ ವಿಷಯದಲ್ಲಿ ಓದಿರುವ ಎಲ್ಲ ಪಂಡಿತರಿಗಿಂತ ಇದು ವಾಸಿ.

ಸೈಕಲ್ ತುಳಿಯುವವರನ್ನೇ ಮನೆಗೆ ಕಳಿಸಿದವರ ಕಥೆಯೂ ಇದೆ. ಅಮೆರಿಕದ ನ್ಯಾಷನಲ್ ಈಟಿಂಗ್ ಡಿಸಾರ್ಡರ್ಸ್ ಅಸೋಸಿಯೇಷನ್ ಎಂಬುದು ತೆಳ್ಳಗಾಗುವ ಗೀಳು ಹತ್ತಿ ಊಟ ಬಿಟ್ಟು ಸೊರಗುವಂಥವರಿಗಾಗಿ ಇರುವ ಸಂಸ್ಥೆ. 2023ರಲ್ಲಿ ಅವರ ಸಹಾಯವಾಣಿಯ ಕೆಲಸಗಾರರು ಯೂನಿಯನ್ ಕಟ್ಟಿದರು. ಅದರ ಬೆನ್ನಿಗೇ ಸಹಾಯವಾಣಿ ಮುಚ್ಚುವ ತೀರ್ಮಾನ ಬಂತು. ಟೆಸ್ಸಾ ಎಂಬ ಚಾಟ್‌ಬಾಟ್ ಮುಂದೆ ಬಂತು. ಅದು ಊಟ ಬಿಟ್ಟವರಿಗೆ ತೂಕ ಇಳಿಸುವ ಸಲಹೆ ಕೊಟ್ಟಿತು! ಆ ಮೇ ತಿಂಗಳ ಕೊನೆಗೆ ಟೆಸ್ಸಾಳ ಬಾಯಿ ಮುಚ್ಚಿಸಿದರು.

ಬೆಂಗಳೂರಿನ ಶಂಕರ ಕಣ್ಣಿನ ಆಸ್ಪತ್ರೆಯಲ್ಲಿ ಇದಕ್ಕೆ ತಿರುಗಾಮುರುಗಾ ಮಾಡಿದ್ದಾರೆ. ಕಣ್ಣಿನ ಪೊರೆ ತೆಗೆಸಿಕೊಳ್ಳುವವರು ವಾಟ್ಸಾಪಿನಲ್ಲಿ ಕನ್ನಡವೂ ಸೇರಿ ಐದು ಭಾಷೆಗಳಲ್ಲಿ ಪ್ರಶ್ನೆ ಕೇಳಬಹುದು. ತಲೆಗೆ ಸ್ನಾನ ಯಾವಾಗ, ಟಿವಿ ನೋಡಬಹುದೇ, ಇಂಥವು. ಉತ್ತರ ಕೊಡುವುದು ಮೆಷಿನ್ನು. ಆ ಉತ್ತರವನ್ನು ವೈದ್ಯರು ನೋಡಿ ಸರಿ ಎಂದ ಮೇಲೆ ಅದಕ್ಕೊಂದು ಹಸಿರು ಟಿಕ್ ಬೀಳುತ್ತದೆ. ತಪ್ಪಿದ್ದರೆ ತಿದ್ದುಪಡಿ ಹೋಗುತ್ತದೆ. ಮೈಕ್ರೋಸಾಫ್ಟ್ ರಿಸರ್ಚಿನವರು ಆಸ್ಪತ್ರೆಯ ಜೊತೆ ಸೇರಿ ಮಾಡಿದ ವ್ಯವಸ್ಥೆ. ಆ ಹಸಿರು ಟಿಕ್ಕು ನನಗೆ ಮೇಷ್ಟ್ರು ಕೆಂಪು ಇಂಕಿನಲ್ಲಿ ಕಾಪಿ ತಿದ್ದುವುದನ್ನು ನೆನಪಿಗೆ ತಂದಿತು. ಬಣ್ಣ ಒಂದು ಬೇರೆ.

ಮೆಷಿನ್ನು ಮೇಷ್ಟ್ರ ಇಂಗ್ಲಿಷನ್ನೇನೋ ತಿದ್ದಿತು. ಅದರ ಕನ್ನಡವನ್ನು ತಿದ್ದುವ ಸರದಿ ಈಗ ಮೇಷ್ಟ್ರದು. ಹೊಲಿಗೆ ತರಗತಿಗೆ ಕರಪತ್ರ ಮಾಡಿಕೊಡು ಎಂದರೆ "ಸಬಲೀಕರಣದ ಪಯಣದಲ್ಲಿ ನಮ್ಮೊಂದಿಗೆ ಹೆಜ್ಜೆ ಹಾಕಿ" ಎಂದು ಬರೆದುಕೊಟ್ಟಿತು. ಮೇಷ್ಟ್ರು ಅಷ್ಟನ್ನೂ ಹೊಡೆದುಹಾಕಿ ಮೂರು ಸಾಲು ಬರೆದರು: ಬ್ಲೌಸ್ ಹೊಲಿಯಲು ಕಲಿಸುತ್ತೇವೆ. ಫೀಸ್ ಇಲ್ಲ. ಮಗುವನ್ನು ಕರೆತರಬಹುದು. ಹದಿನಾಲ್ಕು ಜನ ಬಂದರು, ಒಂಬತ್ತು ಮಕ್ಕಳೊಂದಿಗೆ.

ನಮ್ಮ ಹೊಲಿಗೆ ಟೀಚರಮ್ಮ ಗದಗದ ಕಡೆಯವರು. ಒಂದು ದಿನ "ನನಗ ಆರಾಮಿಲ್ರಿ, ಇವತ್ತ ಬರಂಗಿಲ್ಲ" ಎಂದು ವಾಯ್ಸ್ ಮೆಸೇಜ್ ಕಳಿಸಿದರು. ಹುಡುಗಿ ಅದನ್ನು ಮೆಷಿನ್ನಿಗೆ ಕೊಟ್ಟು ಹಾಜರಿಯ ಇಂಗ್ಲಿಷ್ ಷರಾ ಮಾಡಿಸಿದರೆ, ಆಕೆಗೆ ಬಿಡುವಿಲ್ಲ ಎಂದು ಬಂತು. ಪಾಪ, ಅವರಿಗೆ ಜ್ವರ. ಧಾರವಾಡದ ಕಡೆ ಆರಾಮಿಲ್ಲ ಎಂದರೆ ಮೈ ಸರಿಯಿಲ್ಲ ಎಂದು ಬೆಂಗಳೂರಿನವರಿಗೇ ಹೊಳೆಯದಿರುವಾಗ ಮೆಷಿನ್ನನ್ನು ಬೈದು ಏನು? ಅದಕ್ಕೆ ಯಾರಾದರೂ ಹೇಳಿಕೊಡಬೇಕು. ಹೇಳಿಕೊಡುವವರು ಇದ್ದಾರೆ. ನಮ್ಮ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ರೆಸ್ಪಿನ್ ಎಂಬ ಯೋಜನೆಯಲ್ಲಿ ಕನ್ನಡವೂ ಸೇರಿ ಒಂಬತ್ತು ಭಾಷೆಗಳ ಉಪಭಾಷೆಗಳನ್ನು, ಬೇಸಾಯದ ಮಾತು, ಹಣಕಾಸಿನ ಮಾತು ಎಂದು ಜನರ ದನಿಯಲ್ಲೇ ಕೂಡಿಸಿದ್ದಾರೆ. 2021ರಲ್ಲಿ ಶುರುವಾದ ಬೆಂಗಳೂರಿನ ಕಾರ್ಯ ಎಂಬ ಲಾಭರಹಿತ ಸಂಸ್ಥೆ ಹಳ್ಳಿಯವರಿಂದ ಮೊಬೈಲಿನಲ್ಲಿ ವಾಕ್ಯ ಓದಿಸಿ ರೆಕಾರ್ಡ್ ಮಾಡಿಸುತ್ತದೆ. ಕ್ಷಯರೋಗದ ಮಾಹಿತಿಗಾಗಿ ನಮ್ಮ ಹಳ್ಳಿಯ ಕನ್ನಡವೂ ಹಾಗೆ ದಾಖಲಾಗಿದೆ. ಗಂಟೆಗೆ ಸುಮಾರು 5 ಡಾಲರ್ ಕೂಲಿ. ದನಿ ಮತ್ತೆ ಮಾರಾಟವಾದರೆ ಅದರಲ್ಲೂ ಪಾಲು. ಊರಿನವರ ಮಾತಿಗೆ ಕಿವಿಗೊಟ್ಟವರು ಹಿಂದೆಯೂ ಇದ್ದರು, ಜನಪದ ಗೀತೆ ಬರೆದುಕೊಂಡು ಹೋಗುತ್ತಿದ್ದರು. ಹಾಡಿದ ಅಜ್ಜಿಗೆ ಎಲೆಯಡಿಕೆಯ ಮೇಲೆ ಏನು ಸಿಕ್ಕಿತೋ!

ಇನ್ನೊಂದು ಮಾತು ಮರೆತಿದ್ದೆ. ಹುಡುಗಿ ಒಮ್ಮೆ ಕಲಿಯಲು ಬರುವವರ ಹೆಸರು, ಫೋನ್ ನಂಬರು, ಗಂಡನ ಸಂಪಾದನೆ, ಸಾಲ ಎಲ್ಲ ಇರುವ ಪಟ್ಟಿಯನ್ನು ಹಾಗೇ ಮೆಷಿನ್ನಿಗೆ ಸುರಿಯಲು ಹೊರಟಿದ್ದಳು. 2023ರಲ್ಲಿ ವೈಯಕ್ತಿಕ ಮಾಹಿತಿ ರಕ್ಷಣೆಗೆ ಕಾನೂನು ಪಾಸಾಗಿದೆ ಎಂದು ನಾನು ಶುರುಮಾಡುವಷ್ಟರಲ್ಲಿ ಮೇಷ್ಟ್ರು, "ಅವರು ಸಾಲದ ವಿಷಯ ಅತ್ತೆಗೂ ಹೇಳದೆ ನಮಗೆ ಹೇಳಿದ್ದಾರಮ್ಮಾ" ಎಂದರು. ಅವಳು ಕೈ ಹಿಂದೆ ತೆಗೆದಳು.

ಅರ್ಜಿಯನ್ನು ಕೊನೆಗೆ ಕಳಿಸಿದೆವು. ಇಂಗ್ಲಿಷು ಮೆಷಿನ್ನಿನದು. ಇಲ್ಲದ ಹೆಣ್ಣುಮಗಳನ್ನು ತೆಗೆದು, ಇರುವ ಒಬ್ಬರನ್ನು ಕೇಳಿ, ಒಪ್ಪಿಸಿ ಹಾಕಿದೆವು. ಆಕೆಗೆ ಅಂಗಡಿ ಇಲ್ಲ, ಗಂಡ ಕುಡಿಯುವುದಿಲ್ಲ, ವಾರಕ್ಕೆ ನಾಲ್ಕು ಬ್ಲೌಸ್ ಹೊಲಿಯುತ್ತಾರೆ. ಕಂಪನಿಯಿಂದ ಒಂದು ಕಾಮಾ ತಪ್ಪಿಲ್ಲದ ಇಂಗ್ಲಿಷಿನಲ್ಲಿ ಉತ್ತರ ಬಂದಿದೆ, ಪರಿಶೀಲಿಸುತ್ತಿದ್ದಾರಂತೆ. ಅಷ್ಟರಲ್ಲಿ ಮೇಷ್ಟ್ರು ಕಿಟಕಿ ಪಕ್ಕದ ಮೆಷಿನ್ನಿಗೆ ತಮ್ಮ ಪೆನ್ಷನ್ ದುಡ್ಡಿನಲ್ಲಿ ಬೆಲ್ಟ್ ಹಾಕಿಸಿದರು. ರಶೀದಿ ಬರೆದಿದ್ದೇನೆ. ಈಗ ನಡೆಯುವುದು ಎಂಟು.