ಬೆಳಕಿಂಡಿಯ ಹೊತ್ತು

ಜತ್ತ ತಾಲೂಕಿನ ಪೂರ್ವ ಭಾಗದಲ್ಲಿ, ಸಂಖ-ಉಮದಿಗಳ ಕಡೆಯ ಒಂದು ಹಳ್ಳಿಯಲ್ಲಿ, ಕಳೆದ ಬೇಸಿಗೆಯವರೆಗೆ ಒಂದು ಮಣ್ಣಿನ ಮಾಳಿಗೆಯ ಮನೆಯಿತ್ತು. ಅದರ ನಡುಮನೆಯ ಜಂತಿಗಳ ನಡುವೆ ಗೇಣಗಲದ ಬೆಳಕಿಂಡಿ. ಅದರೊಳಗಿಂದ ಇಳಿದ ಬಿಸಿಲು ನಸುಗತ್ತಲೆಯ ಮನೆಯಲ್ಲಿ ದುಂಡನೆಯ ಬಿಲ್ಲೆಯಾಗಿ ಬೀಳುತ್ತಿತ್ತು. ಮನೆಯ ಹಿರಿಯಳಾದ ಆಯಿಗೆ ಅದೇ ಗಡಿಯಾರ. ಬಿಲ್ಲೆ ಪಡುವಣ ಗೋಡೆಯ ಗೂಡಿನಿಂದ ಕೆಳಗಿಳಿದರೆ ಮೊಮ್ಮಗನನ್ನು ಕನ್ನಡ ಶಾಲೆಗೆ ಕಳಿಸುವ ಹೊತ್ತು; ಬೀಸುಕಲ್ಲಿನ ಬಳಿಗೆ ಸರಿದರೆ ಹೊಲಕ್ಕೆ ಬುತ್ತಿ ಒಯ್ಯುವ ಹೊತ್ತು; ಮೂಡಣ ಕಂಬವನ್ನು ಹತ್ತಿದರೆ ದನಗಳಿಗೆ ನೀರು ಕುಡಿಸುವ ಹೊತ್ತು. ಚಳಿಗಾಲದಲ್ಲಿ ಬಿಲ್ಲೆ ಉತ್ತರದ ಗೋಡೆಯತ್ತ ವಾಲಿ ನಡೆಯುತ್ತದೆ, ಬೇಸಿಗೆಯಲ್ಲಿ ಬೆಳಕಿಂಡಿಯ ಕೆಳಗೇ ಹಾಯುತ್ತದೆ ಎಂಬುದೂ ಆಕೆಗೆ ಗೊತ್ತಿತ್ತು. ಓದು ಬಾರದ ಆಕೆ ನೆಲದ ಮೇಲೆ ವರುಷವನ್ನೇ ಓದುತ್ತಿದ್ದಳು.

ಫೆಬ್ರುವರಿಯ ಮಧ್ಯದ ಒಂದು ರವಿವಾರ ಆರನೆಯ ಇಯತ್ತೆಯ ಮೊಮ್ಮಗ ಗಡಿಯಾರ ನೋಡಿ, "ಆಯಿ, ಹನ್ನೆರಡಾತು, ಮಧ್ಯಾಹ್ನ ಆತು" ಎಂದ. ಆಯಿ ಹಾಸುಗಲ್ಲಿನ ಸಂದನ್ನು ತೋರಿಸಿದಳು. ಬಿಲ್ಲೆ ಇನ್ನೂ ಅದರಿಂದ ದೂರವಿತ್ತು. "ನಿನ್ನ ಗಡಿಯಾರ ಮುಂದ ಓಡೈತಿ ತಮ್ಮಾ, ಹೊತ್ತಿನ್ನೂ ನೆತ್ತಿಗಿ ಬಂದಿಲ್ಲ." ಹುಡುಗ ಕಾದು ಕುಳಿತ. ಬಿಲ್ಲೆ ಸಂದಿಗೆ ಬಂದಾಗ ಗಡಿಯಾರದಲ್ಲಿ 12.43.

ಮರುದಿನ ಆತ ಶಾಲೆಯಲ್ಲಿ ಕೇಳಿದ. ಆಯಿಯ ಮಾತು ಸುಳ್ಳಲ್ಲವೆಂದು ಗುರುಗಳು ನಕಾಶೆ ಹಾಸಿ ತೋರಿಸಿದರು. ಭಾರತದ ಗಡಿಯಾರಗಳೆಲ್ಲ ಉತ್ತರ ಪ್ರದೇಶದ ಮಿರ್ಜಾಪುರದ ಬಳಿ ಹಾಯುವ 82.5 ಡಿಗ್ರಿ ಪೂರ್ವ ರೇಖಾಂಶವನ್ನು ಅನುಸರಿಸುತ್ತವೆ. ಜತ್ತ ಇರುವುದು ಸುಮಾರು 75.2 ಡಿಗ್ರಿಯಲ್ಲಿ. ಒಂದು ಡಿಗ್ರಿ ಸರಿಯಲು ಸೂರ್ಯನಿಗೆ 4 ನಿಮಿಷ ಬೇಕು. ಆದ್ದರಿಂದ ಜತ್ತದ ನಡುಹಗಲು ಸುಮಾರು 29 ನಿಮಿಷ ತಡ. ಭೂಮಿಯ ಅಕ್ಷ ವಾಲಿರುವುದರಿಂದಲೂ ಅದರ ಕಕ್ಷೆ ಪೂರ್ಣ ವೃತ್ತವಲ್ಲದ್ದರಿಂದಲೂ ಅದು ವರುಷದಲ್ಲಿ ಹಿಂದುಮುಂದಾಗುತ್ತದೆ: ನವೆಂಬರ ಆರಂಭದಲ್ಲಿ 12.13ರ ಸುಮಾರಿಗೆ, ಫೆಬ್ರುವರಿಯ ನಡುವೆ 12.43ರ ಸುಮಾರಿಗೆ. ಮುಂಬಯಿ ನಗರವೂ 1955ರವರೆಗೆ 39 ನಿಮಿಷ ಹಿಂದಿನ ತನ್ನದೇ ವೇಳೆಯನ್ನು ಉಳಿಸಿಕೊಂಡಿತ್ತು. ಗಡಿಯಾರ ಹೇಳುವುದು ದೇಶದ ವೇಳೆ, ಬೆಳಕಿಂಡಿ ಹೇಳುವುದು ಊರಿನ ಹೊತ್ತು. ಎರಡೂ ಸಾಕ್ಷಿಗಳು ನಿಜವನ್ನೇ ನುಡಿಯುತ್ತಿದ್ದವು.

ಕೊಲ್ಲಾಪುರದ ಮಹಾಲಕ್ಷ್ಮಿಯ ಕಿರಣೋತ್ಸವವನ್ನೂ ಗುರುಗಳು ನೆನಪಿಸಿದರು. ನವೆಂಬರ 9ರಿಂದ 11 ಮತ್ತು ಜನವರಿ 31ರಿಂದ ಫೆಬ್ರುವರಿ 2, ಈ ದಿನಗಳಲ್ಲಿ ಮುಳುಗುವ ಸೂರ್ಯನ ಕಿರಣಗಳು ಪಶ್ಚಿಮದ ಬಾಗಿಲಿನಿಂದ ಗರ್ಭಗುಡಿಗೆ ನಡೆದು ದೇವಿಯ ಪಾದ, ಎದೆ, ಮುಖಗಳನ್ನು ಮುಟ್ಟುತ್ತವೆ. ವರುಷಕ್ಕೆ ಎರಡು ಸಲ ಏಕೆ? ಡಿಸೆಂಬರ 21ರ ಸುಮಾರಿಗೆ ದಕ್ಷಿಣದ ತುದಿ ಮುಟ್ಟುವ ಸೂರ್ಯ, ಹೋಗುವಾಗ ಒಮ್ಮೆ, ಮರಳುವಾಗ ಒಮ್ಮೆ ಅದೇ ದಾರಿಯಲ್ಲಿ ಹಾಯುತ್ತಾನೆ. ಮೋಡವೋ, ಎದುರಿಗೆದ್ದ ಕಟ್ಟಡವೋ ಅಡ್ಡ ಬಂದ ವರುಷ ಬೆಳಕು ಪೂರ್ತಿ ತಲುಪುವುದಿಲ್ಲ.

ಆಯಿಯ ಮನೆಯಲ್ಲಿಯೂ ಅಡ್ಡಿ ಬಂದಿತು. ಹಿಂದಿನ ಮಳೆಗಾಲದಲ್ಲಿ ಮಾಳಿಗೆ ಸೋರಿ ಗೋಡೆ ನೆನೆದಿತ್ತು. ಹುಡುಗನ ತಂದೆ ಸ್ಲ್ಯಾಬು ಹಾಕಿಸಲು ನಿಶ್ಚಯಿಸಿದ. ಆಯಿ ಬೇಡವೆನ್ನಲಿಲ್ಲ. "ಸೋರೋ ಮನ್ಯಾಗ ಕೂಸುಗಳು ಎಲ್ಲಿ ಮಲಗಬೇಕು?" ಎಂದು ತಾನೇ ಪಾತ್ರೆಗಳನ್ನು ಹೊರಗೆ ಸಾಗಿಸಿದಳು. ಏಪ್ರಿಲ್‌ನಲ್ಲಿ ಜಂತಿಗಳು ಇಳಿದವು, ಕಾಂಕ್ರೀಟು ಏರಿತು. ಹೊಸ ಮನೆಯಲ್ಲಿ ಕೊಳವೆ ದೀಪದ ಬೆಳಕು ಬೆಳಗಿನಿಂದ ರಾತ್ರಿಯವರೆಗೆ ಒಂದೇ ಕಡೆ ನಿಂತಿತ್ತು. ಎರಡನೆಯ ದಿನ ಆಯಿ ಮೊಮ್ಮಗನನ್ನು ಕರೆದು, "ಹೊತ್ತೆಷ್ಟಾತೋ ತಮ್ಮಾ?" ಎಂದಳು. ಆ ಪ್ರಶ್ನೆಯನ್ನು ಆಕೆಯ ಬಾಯಿಂದ ಆತ ಕೇಳಿದ್ದು ಅದೇ ಮೊದಲು.

ಕನ್ನಡದಲ್ಲಿ ಹೊತ್ತು ಎಂದರೆ ಸಮಯವೂ ಹೌದು, ಸೂರ್ಯನೂ ಹೌದು. ಹೊತ್ತು ಮೂಡುತ್ತದೆ, ಏರುತ್ತದೆ, ನೆತ್ತಿಗೆ ಬರುತ್ತದೆ, ಇಳಿಯುತ್ತದೆ, ಮುಳುಗುತ್ತದೆ. ಬೆಳಕನ್ನೂ ಕಾಲವನ್ನೂ ಬೇರೆ ಮಾಡದ ಈ ಒಂದು ಪದದೊಳಗೆ ಆಯಿ ಬದುಕು ಸಾಗಿಸಿದ್ದಳು. ಮನೆ ಗಟ್ಟಿಯಾಯಿತು, ಅದು ಆಗಲೇಬೇಕಿತ್ತು. ಆದರೆ ಆ ಪದದ ಅರ್ಧವು ಮಾಳಿಗೆಯ ಮಣ್ಣಿನೊಂದಿಗೆ ಹೊರಗೆ ಬಿದ್ದಿತು.

ಹುಡುಗ ಅದನ್ನು ಹೆಕ್ಕಲು ಹೊರಟ. ಜತ್ತದ ಅಕ್ಷಾಂಶ ಸುಮಾರು 17 ಡಿಗ್ರಿ. ಮೇ 8ರ ಸುಮಾರಿಗೆ ಒಮ್ಮೆ, ಆಗಸ್ಟ್ 4ರ ಸುಮಾರಿಗೆ ಇನ್ನೊಮ್ಮೆ ಅಲ್ಲಿ ಸೂರ್ಯ ನಡುನೆತ್ತಿಗೆ ಬರುತ್ತಾನೆ. ನೆಟ್ಟಗೆ ನಿಂತ ವಸ್ತುವಿನ ನೆರಳು ಅದರ ಬುಡದಲ್ಲಿಯೇ ಅಡಗುತ್ತದೆ. ಗುರುಗಳು ಹೇಳಿದ ಈ ಮಾತನ್ನು ನೆನೆದು, ಸ್ಲ್ಯಾಬಿಗೆ ತಂದು ಉಳಿದಿದ್ದ ಕಬ್ಬಿಣದ ಸಲಾಕೆಯನ್ನು ಆತ ಮೇ 8ರಂದು ಅಂಗಳದಲ್ಲಿ ನೆಟ್ಟ. ಗೌಂಡಿ ತನ್ನ ತೂಗುಗುಂಡು ಹಿಡಿದು ಅದು ನೆಟ್ಟಗಿದೆಯೇ ಎಂದು ನೋಡಿಕೊಟ್ಟ. ಆಯಿ ಸೆರಗನ್ನು ತಲೆಯ ಮೇಲೆಳೆದುಕೊಂಡು ಬಂದು ಕುಳಿತಳು. ನೆರಳು ಗೇಣಾಯಿತು, ಬೆರಳಾಯಿತು, ಇಲ್ಲವಾಯಿತು. ಗಡಿಯಾರದತ್ತ ನೋಡದೆಯೇ ಆಕೆ, "ಬಂತು ನೋಡು ನೆತ್ತಿಗಿ" ಎಂದಳು.

ಹುಡುಗ ತನ್ನ ವಹಿಯಲ್ಲಿ ಎರಡು ಸಾಲು ಬರೆದಿಟ್ಟ. ಮೇ 8: ಗಡಿಯಾರದಲ್ಲಿ 12.26. ಆಯಿಯ ಲೆಕ್ಕದಲ್ಲಿ ಹೊತ್ತು ನೆತ್ತಿಗೆ.