ಕಾಳಿ ಕಡಲು ಸೇರುವಲ್ಲಿ

ಆಚೆ ದಡದಲ್ಲಿ ಸದಾಶಿವಗಡದ ಗುಡ್ಡ, ಈಚೆ ಕಾರವಾರದ ಕೋಡಿಬಾಗ. ನಡುವೆ ಘಟ್ಟ ಇಳಿದು ಬಂದ ಕಾಳಿ. ನದಿ ಎಲ್ಲಿ ಮುಗಿಯಿತು, ಕಡಲು ಎಲ್ಲಿ ಶುರುವಾಯಿತು ಎಂದು ಕಣ್ಣು ಕೀಲಿಸಿ ನೋಡಿದರೂ ತಿಳಿಯದಷ್ಟು ಅಗಲದ ಅಳಿವೆ. 1883ರ ಒಂದು ಬೆಳದಿಂಗಳ ರಾತ್ರಿ, 22ರ ಹರೆಯದ ರವೀಂದ್ರನಾಥ ಟಾಗೋರ್ ಕಾಳಿಯಲ್ಲಿ ದೋಣಿ ಹತ್ತಿ ಮೇಲಕ್ಕೆ ಹೋಗಿದ್ದವರು, ಇಳಿತದ ನೀರಿನೊಡನೆ ಮರಳಿ ಈ ಅಳಿವೆಯಲ್ಲಿ ಇಳಿದು, ಹೊಯಿಗೆಯ ಮೇಲೆ ನಡೆದೇ ಮನೆ ಸೇರಿದರು. ಅಣ್ಣ ಸತ್ಯೇಂದ್ರನಾಥರು ಆಗ ಕಾರವಾರದಲ್ಲಿ ಜಿಲ್ಲಾ ನ್ಯಾಯಾಧೀಶರು.

ಅದೇ ಹೊಯಿಗೆ ತುಳಿಯುತ್ತಿದ್ದೇನೆಂದು ನೆನೆದರೆ ಮೈ ಜುಮ್ಮೆನ್ನುತ್ತದೆ. ಏಕೆಂದರೆ ಟಾಗೋರರ ‘ಪ್ರಕೃತಿರ್ ಪ್ರತಿಶೋಧ್’, ಪ್ರಕೃತಿ ತೀರಿಸಿಕೊಂಡ ಸೇಡಿನ ನಾಟಕ, ಹುಟ್ಟಿದ್ದು ಈ ಊರಿನಲ್ಲಿ. ಎಲ್ಲ ಬಂಧ ಕಡಿದುಕೊಂಡ ಸಂನ್ಯಾಸಿಗೆ ಊರು ಮುಟ್ಟದ ಒಬ್ಬ ಅನಾಥ ಹುಡುಗಿ ಅಂಟಿಕೊಳ್ಳುತ್ತಾಳೆ. ಮಮತೆಗೆ ಹೆದರಿ ಅವನು ಬಿಟ್ಟು ಓಡುತ್ತಾನೆ. ಮನಸ್ಸು ಕರಗಿ ಹಿಂದಿರುಗುವಾಗ ಅವಳಿಲ್ಲ. ಅವಳು ಯಾರ ಮೇಲೂ ಕೈಯೆತ್ತಿದವಳಲ್ಲ. ಅವಳ ಸಾವೇ ಸೇಡು.

ಅಲೆಗಳ ಗುಂಟ ನಡೆಯುವಾಗ ಇನ್ನೊಬ್ಬಳು ಜೊತೆಯಾದಳು: ಜಪಾನಿನ ನಿರ್ದೇಶಕ ಕೆಂಜಿ ಮಿಜೊಗುಚಿಯ 1933ರ ಮೂಕಿಚಿತ್ರ ‘ತಾಕಿ ನೋ ಶಿರಾಇತೊ’ದ ನಾಯಕಿ ಶಿರಾಇತೊ. ನೀರಿನ ಚಮತ್ಕಾರ ತೋರಿಸಿ ಹೊಟ್ಟೆ ಹೊರೆಯುವ ಕಲಾವಿದೆ. ಒಲಿದ ಹುಡುಗನನ್ನು ಕಾನೂನು ಓದಿಸಲು ಸಾಲ ಮಾಡುತ್ತಾಳೆ. ಆ ಹಣ ದರೋಡೆಯಾಗುತ್ತದೆ, ಸಾಲ ಕೊಟ್ಟ ಧಣಿ ಅವಳ ಕೈಯಲ್ಲೇ ಸಾಯುತ್ತಾನೆ. ನ್ಯಾಯಾಲಯದಲ್ಲಿ ಎದುರು ನಿಂತ ಸರ್ಕಾರಿ ವಕೀಲ ಅವಳು ಓದಿಸಿದ ಅದೇ ಹುಡುಗ! ಅವಳ ಪಾತ್ರ ಮಾಡಿದ ನಟಿ ತಾಕಾಕೊ ಇರಿಯೆಯ ಆ ಮುಖವನ್ನು ಮರೆಯುವುದು ನನ್ನಿಂದಾಗದು. ಸಂನ್ಯಾಸಿ ತಪ್ಪಿಸಿಕೊಂಡು ಓಡಿದ, ಈತ ಕರ್ತವ್ಯವೆಂದು ನಿಂತ. ಇಬ್ಬರು ಹೆಣ್ಣುಮಕ್ಕಳಿಗೂ ಸಿಕ್ಕಿದ್ದು ಒಂದೇ: ಸಾವು.

ಜಪಾನಿನ ಮೂಕಿಚಿತ್ರ ಮೂಕವಾಗಿರಲಿಲ್ಲ ಎಂಬುದೇ ದೊಡ್ಡ ಸೋಜಿಗ. ಪರದೆಯ ಪಕ್ಕದಲ್ಲಿ ‘ಬೆಂಶಿ’ ನಿಂತು ಎಲ್ಲ ಪಾತ್ರಗಳ ಮಾತನ್ನೂ ಆಡುತ್ತಿದ್ದ, ನಮ್ಮ ತಾಳಮದ್ದಳೆಯ ಅರ್ಥಧಾರಿಗಳೆಲ್ಲ ಒಬ್ಬನೇ ಆದ ಹಾಗೆ. 1920ರ ಆಸುಪಾಸಿನವರೆಗೆ ಅಲ್ಲಿನ ಚಿತ್ರಗಳಲ್ಲಿ ಹೆಣ್ಣಿನ ಪಾತ್ರಗಳನ್ನು ಹೆಚ್ಚಾಗಿ ಗಂಡಸರೇ ಮಾಡುತ್ತಿದ್ದರು. ಉತ್ತರ ಕನ್ನಡದವರಿಗೆ ಇದನ್ನು ಬಿಡಿಸಿ ಹೇಳಬೇಕೆ? ಯಕ್ಷಗಾನದ ‘ಭೀಷ್ಮ ವಿಜಯ’ ಪ್ರಸಂಗದ ಅಂಬೆ ಸ್ತ್ರೀವೇಷಧಾರಿಯ ಕೊರಳಲ್ಲಿ ಸೇಡಿನ ಮಾತಾಡುವುದನ್ನು ಬೆಳಗಿನ ಜಾವದವರೆಗೆ ಎದ್ದು ಕೂತು ಕೇಳಿದವರು ಇಲ್ಲಿಯವರು.

ಹಾಗಾಗಿ ನನಗೊಂದು ಆಸೆ. ಟಾಗೋರ್ ಕಡಲತೀರದಲ್ಲಿ ಬಿಳಿ ಪರದೆ ಕಟ್ಟಿ ಆ ಚಿತ್ರ ತೋರಿಸಬೇಕು. ಅಂಕೋಲೆಯ ಕಡೆಯ ಒಬ್ಬ ಒಳ್ಳೆಯ ಅರ್ಥಧಾರಿ ಪಕ್ಕದಲ್ಲಿ ಕೂತು, ಶಿರಾಇತೊ ಕಟಕಟೆಯಲ್ಲಿ ಆ ವಕೀಲನಿಗೆ ಹೇಳಬೇಕಾದ್ದನ್ನೆಲ್ಲ ಕನ್ನಡದಲ್ಲಿ ಹೇಳಬೇಕು.