ಒಲೆಯ ಬಿರುಕು

ಗೃಹಕೃತ್ಯದಲ್ಲಿ ಅಗ್ನಿಯನ್ನು ಹೊತ್ತಿಸುವುದಕ್ಕಿಂತಲೂ ಅದರ ಕಾವನ್ನು ಸ್ವಸ್ಥಾನದಲ್ಲಿ ನಿಲ್ಲಿಸುವುದೇ ಕಠಿನವಾದ ವಿದ್ಯೆಯು. ನಮ್ಮ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಗಳ ಎರೆಯ ನೆಲವು ಬಿಳಿಜೋಳಕ್ಕೆ ಮಾತೃಸ್ವರೂಪವಾದರೂ ಒಲೆಗೆ ತಕ್ಕುದಲ್ಲ. ನೀರುಂಡಾಗ ಉಬ್ಬಿ, ಒಣಗಿದಾಗ ಬಿರಿಯುವುದು ಅದರ ಸ್ವಭಾವವು. ಆದಕಾರಣ ನಮ್ಮ ತಾಯಿಯವರು ಮಣ್ಣಿಗೆ ಸಗಣಿ, ಹೊಟ್ಟು, ಬೂದಿಗಳನ್ನು ಕಲಸಿ ಒಲೆಯ ಬಿರುಕುಗಳನ್ನು ಮೆತ್ತುತ್ತಿದ್ದರು. ಬಿರುಕಿನಿಂದ ಹೊರಡುವ ಹೊಗೆಯು ಮೊದಲು ಸೇರುವುದು ರೊಟ್ಟಿ ಬಡಿಯುವವಳ ಕಣ್ಣನ್ನೂ ಎದೆಯನ್ನೂ ಅಲ್ಲವೆ?

ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ 1974ರಲ್ಲಿ ಹುಟ್ಟಿದ ‘ಅಸ್ತ್ರ’ ಕೇಂದ್ರದವರು ರಚಿಸಿದ ಒಲೆಯ ಮರ್ಮವೂ ಇದೇ: ಪಾತ್ರೆಗಳು ಕುಳಿಗಳಲ್ಲಿ ಬಿಗಿಯಾಗಿ ಕೂಡಬೇಕು, ಹೊಗೆಯು ಕೊಳವೆಯಿಂದಲೇ ಹೋಗಬೇಕು.

ಈಗ ನಮ್ಮ ಸೊಸೆಯ ವಿದ್ಯುತ್ ಓವನ್ನಿನಲ್ಲಿ ಅದೇ ಕಾರ್ಯವನ್ನು ಬಾಗಿಲಂಚಿನ ಸಿಲಿಕೋನ್ ಪಟ್ಟಿಯು ಮಾಡುತ್ತದೆ. ಕಾಗದದ ಚೂರೊಂದನ್ನಿಟ್ಟು ಬಾಗಿಲು ಮುಚ್ಚಿ ಎಳೆದೆವು; ತಡೆಯಿಲ್ಲದೆ ಬಂದಿತು. ಪ್ಲಗ್ಗು ಕಿತ್ತು, ಓವನ್ನು ಪೂರ್ಣವಾಗಿ ಆರಿದ ಮೇಲೆ ಮೂಲೆಗಳ ಕೊಕ್ಕೆಗಳನ್ನು ಬಿಡಿಸಿ, ಜಿಡ್ಡನ್ನು ಒರೆಸಿ, ಅದೇ ಮಾದರಿಯ ಹೊಸ ಪಟ್ಟಿಯನ್ನು ಸಿಕ್ಕಿಸಿದೆವು. ಅಂಟಿನ ಪ್ರಯೋಜನವೇ ಬೀಳಲಿಲ್ಲ. ಕಾಗದವು ಈ ಸಲ ಅಲುಗಲಿಲ್ಲ.

ವಾಚಕರಿಗೆ ಒಂದು ಎಚ್ಚರಿಕೆಯನ್ನು ಹೇಳಲೇಬೇಕು. ಹಿಂದಿನ ಕಬ್ಬಿಣದ ಒಲೆಗಳ ಬಾಗಿಲಿಗೆ ಆಸ್ಬೆಸ್ಟಾಸ್ ಹಗ್ಗವನ್ನು ಕೂಡಿಸುತ್ತಿದ್ದುದುಂಟು. ಅದರ ನಾರಿನ ಧೂಳು ಶ್ವಾಸದೊಡನೆ ಒಳಸೇರಿ, ಹಲವು ದಶಕಗಳ ತರುವಾಯವೂ ಅರ್ಬುದರೋಗವನ್ನುಂಟುಮಾಡಬಲ್ಲದು. ಅಂತಹ ಹಗ್ಗವನ್ನು ನಾವಾಗಿ ಕೆರೆದು ತೆಗೆಯಲಾಗದು, ಬಲ್ಲವರಿಗೇ ಒಪ್ಪಿಸತಕ್ಕದ್ದು. ಬದಲಿಗೆ ಗಾಜಿನ ನೂಲಿನ ಹಗ್ಗವು ದೊರೆಯುತ್ತದೆ. ಕಾವನ್ನು ಉಳಿಸಹೋಗಿ ಮನೆಯವರ ಉಸಿರಿಗೆ ಕುತ್ತು ತರುವುದು ಗೃಹಧರ್ಮವಲ್ಲ.